ಪ್ರೇಮಿಲ ಯಾರು?

ಮೊನ್ನೆ ಮೊನ್ನೆಯವರೆಗೂ ಕಾಗದದ ಪ್ರಕಾರ ನನ್ನ ಮಗಳನ್ನು ಹೆತ್ತವಳು ನಾನಲ್ಲ. ಪ್ರೇಮಿಲ ಅಂತ ಯಾರೋ ಒಬ್ಬಳು.

ನನ್ನ ಹೆಸರು ಪ್ರಮೀಳ. ಎಸ್ಸೆಸ್ಸೆಲ್ಸಿ ಮಾರ್ಕ್ಸ್ ಕಾರ್ಡಿನಲ್ಲಿ, ಪಾಸ್‌ಪೋರ್ಟಿನಲ್ಲಿ, ಆಧಾರ್‌ನಲ್ಲಿ ಎಲ್ಲ ಪ್ರಮೀಳ. ಮಗಳ ಜನನ ಪ್ರಮಾಣಪತ್ರದಲ್ಲಿ ಮಾತ್ರ ತಾಯಿಯ ಹೆಸರಿನ ಎದುರು ಪ್ರೇಮಿಲ ಅಂತ ಉಂಟು. ಕನ್ನಡದಲ್ಲೂ ಅದೇ, ಇಂಗ್ಲಿಷಿನಲ್ಲೂ ಅದೇ. ಹದಿನಾಲ್ಕು ವರ್ಷ ಆ ಕಾಗದ ನಮ್ಮ ಕಪಾಟಿನಲ್ಲೇ ಇತ್ತು. ಅಂಗನವಾಡಿಗೆ ಕೊಟ್ಟಿದ್ದೇನೆ, ಶಾಲೆಗೆ ಕೊಟ್ಟಿದ್ದೇನೆ, ಆಧಾರ್ ಮಾಡಿಸುವಾಗ ತೋರಿಸಿದ್ದೇನೆ. ಎಲ್ಲರೂ ನೋಡುವುದು ಮಗುವಿನ ಹೆಸರು ಮತ್ತು ಹುಟ್ಟಿದ ತಾರೀಕು. ಅಮ್ಮನ ಹೆಸರು ಯಾರಿಗೆ ಬೇಕು? ನಾನೂ ನೋಡಿರಲಿಲ್ಲ, ಸುಳ್ಳು ಯಾಕೆ ಹೇಳುವುದು.

ಗಂಡ ಮಸ್ಕತ್‌ನಲ್ಲಿದ್ದಾರೆ. ಈ ಸಲವಾದರೂ ನಮ್ಮಿಬ್ಬರನ್ನು ಕರೆಸಿಕೊಳ್ಳುವ ಅಂತ ಫ್ಯಾಮಿಲಿ ವೀಸಾಕ್ಕೆ ಕಾಗದ ಹೊಂದಿಸುತ್ತಿದ್ದೆವು. ಮಗಳ ಜನನ ಪ್ರಮಾಣಪತ್ರಕ್ಕೆ ಅಟೆಸ್ಟೇಷನ್ ಆಗಬೇಕು, ಅಂದರೆ ಇದು ಅಸಲಿ ಅಂತ ಸರ್ಕಾರದ ಸೀಲು. ಅದಕ್ಕಾಗಿ ಮಂಗಳೂರಿನಲ್ಲಿ ಒಬ್ಬ ಏಜೆಂಟರ ಆಫೀಸಿಗೆ ಹೋದೆ. ಅಲ್ಲಿದ್ದ ಹುಡುಗ ಕಾಗದ ಕೈಗೆ ತಗೊಂಡವನೇ "ಅಕ್ಕ, ಇದಕ್ಕೆ ಲ್ಯಾಮಿನೇಷನ್ ಯಾಕೆ ಮಾಡಿಸಿದ್ದು?" ಅಂತ ಕೇಳಿದ. ಪ್ಲಾಸ್ಟಿಕ್ ಮೇಲೆ ಸೀಲು ಹೊಡೆಯಲು ಆಗುತ್ತದಾ? ಆಗುವುದಿಲ್ಲ. ಜೋಪಾನವಾಗಿ ಇರಲಿ ಅಂತ ಮಾಡಿಸಿದ್ದು ಅದೇ ತೊಂದರೆಯಾಯಿತು. ಆಮೇಲೆ ನನ್ನ ಪಾಸ್‌ಪೋರ್ಟನ್ನು ಪಕ್ಕದಲ್ಲಿಟ್ಟು ಪೆನ್ನಿನ ತುದಿಯಿಂದ ಒಂದೊಂದೇ ಅಕ್ಷರ ಮುಟ್ಟುತ್ತಾ ಹೋದ. ಮೂರನೇ ಅಕ್ಷರಕ್ಕೆ ಪೆನ್ನು ನಿಂತಿತು.

"ಇದರಲ್ಲಿ ಅಮ್ಮ ಬೇರೆ ಉಂಟಲ್ಲ ಅಕ್ಕ."

ರಾತ್ರಿ ಗಂಡನಿಗೆ ಫೋನಿನಲ್ಲಿ ಹೇಳಿದರೆ ಅವರು ಮೊದಲು ನಕ್ಕರು. "ಪ್ರೇಮಿಲ ಯಾರು ಮಾರಾಯ್ತಿ, ನನಗೂ ಸ್ವಲ್ಪ ಪರಿಚಯ ಮಾಡಿಸು" ಅಂತ. ನನಗೆ ನಗು ಬರಲಿಲ್ಲ.

ಈಗ ಇದನ್ನು ಸರಿ ಮಾಡಿಸುವುದು ಎಲ್ಲಿ? ನಾವು ಈಗ ಇರುವುದು ಕಟಪಾಡಿಯಲ್ಲಿ, ಅಂದರೆ ಉಡುಪಿ ಜಿಲ್ಲೆ. ಹಾಗಾಗಿ ಮೊದಲು ಇಲ್ಲಿಯೇ ವಿಚಾರಿಸಿ ಅರ್ಧ ದಿನ ಹಾಳು ಮಾಡಿಕೊಂಡೆ. ಜನನ ನೋಂದಣಿ ಆಗುವುದು ಮನೆ ಇರುವ ಊರಿನಲ್ಲಿ ಅಲ್ಲ, ಮಗು ಹುಟ್ಟಿದ ಊರಿನಲ್ಲಿ. 2011ರಲ್ಲಿ ನಾವು ಸುರತ್ಕಲ್‌ನಲ್ಲಿ ಬಾಡಿಗೆ ಮನೆಯಲ್ಲಿದ್ದೆವು, ಹೆರಿಗೆ ಆದದ್ದು ಮಂಗಳೂರು ಪೇಟೆಯ ಒಂದು ಆಸ್ಪತ್ರೆಯಲ್ಲಿ, ಆದ್ದರಿಂದ ದಾಖಲೆ ಇರುವುದೂ ಮಂಗಳೂರಿನಲ್ಲೇ. ಹೆರಿಗೆಗೆ ತವರಿಗೆ ಹೋಗಿ ಆಮೇಲೆ ಬೇರೆ ಜಿಲ್ಲೆಯಲ್ಲಿ ಸಂಸಾರ ಮಾಡುವವರು ನಮ್ಮಲ್ಲಿ ಎಷ್ಟು ಜನ ಇಲ್ಲ, ಅವರೆಲ್ಲ ಇದೊಂದನ್ನು ನೆನಪಿಟ್ಟುಕೊಂಡರೆ ಬಸ್ಸಿನ ದುಡ್ಡು ಉಳಿಯುತ್ತದೆ.

ಜನನ ಮರಣ ನೋಂದಣಿಯ ಸರ್ಕಾರಿ ವೆಬ್‌ಸೈಟ್ ಇ-ಜನ್ಮದಲ್ಲಿ ಆನ್‌ಲೈನ್ ತೆಗೆದರೆ ಸರಿಯಾದದ್ದು ಬರಬಹುದು ಅಂತ ಅಣ್ಣನ ಮಗ ಹೇಳಿದ. ಬರುವುದಿಲ್ಲ. ಅಲ್ಲಿ ಇರುವುದೂ ಅದೇ ದಾಖಲೆ ಅಲ್ವಾ. ಅದೇ ತಪ್ಪು ಡಿಜಿಟಲ್ ಸಹಿಯ ಜೊತೆಗೆ ಇನ್ನೂ ಚೆಂದವಾಗಿ ಬರುತ್ತದೆ, ಅಷ್ಟೇ.

ಇನ್ನು ಬಿಟ್ಟಿ ಸಲಹೆಗಳು. ಒಬ್ಬರು "ಗೆಜೆಟ್ ಮಾಡಿಸಿ ನಿಮ್ಮ ಹೆಸರನ್ನೇ ಪ್ರೇಮಿಲ ಮಾಡಿಕೊಳ್ಳಿ" ಅಂದರು. ಒಂದು ಕಾಗದದ ತಪ್ಪಿಗೆ ನನ್ನ ಹತ್ತು ಕಾಗದ ಬದಲಿಸಬೇಕಂತೆ. ಇನ್ನೊಬ್ಬರು ಅದಕ್ಕಿಂತ ಮೇಲೆ. ಹಳೆಯದು ಇರಲಿ, ತಡವಾಗಿ ನೋಂದಣಿ ಅಂತ ಅರ್ಜಿ ಹಾಕಿ ಹೊಸದೇ ಒಂದು ಸರ್ಟಿಫಿಕೇಟ್ ಮಾಡಿಸಿಬಿಡಿ ಅಂದರು. ಒಂದೇ ಮಗು ಎರಡು ಸಲ ಹುಟ್ಟುವುದು ಹೇಗೆ? ಸಿಕ್ಕಿಬಿದ್ದರೆ ಎರಡೂ ಹೋಗುತ್ತದೆ. ಹೆಸರು ಬದಲಾವಣೆ ಬೇರೆ, ತಪ್ಪು ಬಿದ್ದ ಹೆಸರನ್ನು ಸರಿ ಮಾಡುವುದು ಬೇರೆ. ಎರಡನೆಯದಕ್ಕೆ 1969ರ ಜನನ ಮರಣ ನೋಂದಣಿ ಕಾಯ್ದೆಯಲ್ಲೇ ದಾರಿ ಉಂಟು, ಸೆಕ್ಷನ್ 15. ನೋಂದಣಾಧಿಕಾರಿಯೇ ಮಾಡಬಹುದು.

ಕಟಪಾಡಿಯಿಂದ ಮಂಗಳೂರಿಗೆ ಎಕ್ಸ್‌ಪ್ರೆಸ್ ಬಸ್ಸಿನಲ್ಲಿ ಹೋಗುವಾಗ ಕಿಟಕಿ ಪಕ್ಕ ಕೂತು ಯೋಚಿಸುತ್ತಿದ್ದೆ. ನಮ್ಮ ಊರಿನ ಹೆಸರುಗಳೇ ಹೀಗೆ. ಮನೆಯಲ್ಲಿ ತುಳುವಿನಲ್ಲಿ ಒಂದು ರೀತಿ ಕರೆಯುತ್ತಾರೆ, ಶಾಲೆಯಲ್ಲಿ ಟೀಚರ್ ಕನ್ನಡದಲ್ಲಿ ತಿದ್ದಿ ಬರೆಯುತ್ತಾರೆ, ಬ್ಯಾಂಕಿನವರು ಇಂಗ್ಲಿಷಿಗೆ ಹಾಕುವಾಗ ಮತ್ತೊಂದು ಮಾಡುತ್ತಾರೆ. ಪೂಜಾರಿ ಅನ್ನುವ ಒಂದೇ ಹೆಸರಿಗೆ ಕೆಲವರು ಎರಡು ಓ ಹಾಕುತ್ತಾರೆ, ಕೆಲವರು ಒಂದು ಯು, ಕೊನೆಗೆ ಕೆಲವರಿಗೆ ವೈ, ಕೆಲವರಿಗೆ ಐ. ನಮ್ಮ ಆಫೀಸಿನ ಸೋಜಾ ಮೇಡಂ ಕತೆ ಇನ್ನೂ ಚೆಂದ. ಅವರ ಹೆಸರಿನಲ್ಲಿ ಡಿ ಆದ ಮೇಲೆ ಮೇಲೊಂದು ಚುಕ್ಕೆಯಂಥ ಗುರುತು ಬರುತ್ತದಲ್ಲ, ಅದನ್ನು ಕೆಲವು ಕಂಪ್ಯೂಟರು ತೆಗೆದುಕೊಳ್ಳುವುದೇ ಇಲ್ಲ. ಹಾಗಾಗಿ ಒಂದು ಕಡೆ ಡಿ ಬೇರೆ ಸೋಜಾ ಬೇರೆ, ಇನ್ನೊಂದು ಕಡೆ ಎರಡೂ ಅಂಟಿಕೊಂಡು. ಅದಕ್ಕೊಂದು ಅಫಿಡವಿಟ್ಟನ್ನು ಅವರು ಬ್ಯಾಗಿನಲ್ಲೇ ಇಟ್ಟುಕೊಂಡು ತಿರುಗುತ್ತಾರೆ, ನಾವು ಕೊಡೆ ಇಟ್ಟುಕೊಂಡ ಹಾಗೆ.

ಅದರ ಮೇಲೆ 'ಬರಿ', ಅಂದರೆ ನಮ್ಮ ತುಳುವರ ಕುಲದ ಹೆಸರು. ಹೊರಗಿನವರಿಗೆ ಇದನ್ನು ವಿವರಿಸುವುದು ಕಷ್ಟ. ಹೆಣ್ಣಿನ ಕಡೆಯಿಂದ ವಂಶ ಲೆಕ್ಕ ಹಾಕುವ ಅಳಿಯಸಂತಾನ ಕಟ್ಟಿನವರಲ್ಲಿ ಬರಿ ಬರುವುದು ಅಮ್ಮನಿಂದ. ನನ್ನದು ಸುವರ್ಣ, ಅಪ್ಪನದ್ದು ಬೇರೆ, ಗಂಡನದ್ದು ಕೋಟ್ಯಾನ್. ಹಳೆ ಲೆಕ್ಕದಲ್ಲಿ ನನ್ನ ಮಗಳು ಸುವರ್ಣ ಆಗಬೇಕು, ಈಗಿನ ಫಾರಂ ಲೆಕ್ಕದಲ್ಲಿ ಕೋಟ್ಯಾನ್. ಕಂಪ್ಯೂಟರ್ ಮುಂದೆ ಕೂತವರಿಗೆ ಅಪ್ಪನ ಸರ್‌ನೇಮ್ ಒಂದು, ಅಜ್ಜನದ್ದು ಒಂದು, ಅಮ್ಮನದ್ದು ಇನ್ನೊಂದು ಕಂಡರೆ ಇವರಲ್ಲಿ ಯಾರೋ ಸುಳ್ಳು ಹೇಳುತ್ತಿದ್ದಾರೆ ಅಂತಲೇ ಅನಿಸುತ್ತದೆ. ನಾವು ಆ ತಲೆನೋವೇ ಬೇಡ ಅಂತ ಮಗಳಿಗೆ ಬರೇ ಹೆಸರು ಇಟ್ಟೆವು, ಹಿಂದೆ ಮುಂದೆ ಏನಿಲ್ಲ. ಅಷ್ಟು ಜಾಣತನ ಮಾಡಿದವರಿಗೆ ನನ್ನ ಹೆಸರು ಓದಿ ನೋಡಲು ಆಗಲಿಲ್ಲ.

ಓದಲು ಎರಡು ಅವಕಾಶ ಇತ್ತು ಅನ್ನುವುದು ಬೇಸರ. ಮಗು ಹುಟ್ಟಿದರೆ 21 ದಿನದ ಒಳಗೆ ವರದಿ ಹೋಗಬೇಕು, ಆಸ್ಪತ್ರೆಯಲ್ಲಿ ಹುಟ್ಟಿದರೆ ಅದನ್ನು ಆಸ್ಪತ್ರೆಯವರೇ ಕಳಿಸುತ್ತಾರೆ. ನಮ್ಮಲ್ಲಿ ಅಷ್ಟರಲ್ಲಿ ನಾಮಕರಣ ಆಗಿರುವುದಿಲ್ಲ. ಹಾಗಾಗಿ ಮಗುವಿನ ಹೆಸರಿನ ಜಾಗ ಖಾಲಿ ಬಿಟ್ಟೇ ನೋಂದಣಿ ಮಾಡಿಸಿದೆವು. ಅದು ತಪ್ಪಲ್ಲ, ಒಂದು ವರ್ಷದ ಒಳಗೆ ಶುಲ್ಕ ಇಲ್ಲದೆ ಹೆಸರು ಸೇರಿಸಬಹುದು, ಆಮೇಲೆ ಶುಲ್ಕ ಕೊಟ್ಟು 15 ವರ್ಷದವರೆಗೂ ಅವಕಾಶ ಉಂಟು. ಗಂಡ ರಜೆಯಲ್ಲಿ ಬಂದಾಗ ಹೋಗಿ ಮಗಳ ಹೆಸರು ಸೇರಿಸಿಕೊಂಡು ಬಂದರು. ಆ ಹೆಸರಿನ ಒಂದೊಂದು ಅಕ್ಷರ ಮೂರು ಸಲ ಓದಿ ನೋಡಿದರಂತೆ. ಅದರ ಕೆಳಗೇ ಇದ್ದ ನನ್ನ ಹೆಸರನ್ನು ಒಂದು ಸಲವೂ ಇಲ್ಲ. ಈ ವಿಷಯ ನಮ್ಮ ಮನೆಯಲ್ಲಿ ಇನ್ನೂ ಸ್ವಲ್ಪ ವರ್ಷ ನಡೆಯುತ್ತದೆ.

ಕಚೇರಿ ಯಾವುದು ಅಂತ ಬರೆಯುವುದಿಲ್ಲ, ಅಲ್ಲಿದ್ದವರು ಕೆಟ್ಟವರಲ್ಲ. ಮೊದಲ ಎರಡು ಸಲ ಮಾತ್ರ "ಎಲ್ಲೆ ಬಲೆ" ಆಯಿತು. ತುಳುವಿನಲ್ಲಿ ಹಾಗಂದರೆ ನಾಳೆ ಬನ್ನಿ. ಒಂದು ದಿನ ಸರ್ ಮೀಟಿಂಗಿನಲ್ಲಿ, ಇನ್ನೊಂದು ದಿನ ಆ ವರ್ಷದ ಪುಸ್ತಕ ರೆಕಾರ್ಡ್ ರೂಮಿನಲ್ಲಿ. ಮೂರನೇ ಸಲ ಹೋದಾಗ ಕೇಸ್ ವರ್ಕರ್ ಪುಸ್ತಕ ತಂದು ಟೇಬಲ್ ಮೇಲಿಟ್ಟರು, ಧೂಳು ಹಾರಿ ಇಬ್ಬರಿಗೂ ಸೀನು ಬಂತು.

ರಿಜಿಸ್ಟರ್ ಅಂದರೆ ನಾನು ಗೆರೆ ಹಾಕಿದ ಉದ್ದದ ಪುಸ್ತಕ ಅಂದುಕೊಂಡಿದ್ದೆ. ಅಲ್ಲ. ಆಸ್ಪತ್ರೆಯಿಂದ ಬಂದ ಫಾರಂಗಳನ್ನೇ ಜೋಡಿಸಿ ಬೈಂಡ್ ಮಾಡಿದ್ದು. ಜನನ ವರದಿಯ ಫಾರಂನಲ್ಲಿ ಎರಡು ಭಾಗ ಇರುತ್ತದೆ. ಒಂದರಲ್ಲಿ ಹೆಸರು, ತಾರೀಕು, ಹುಟ್ಟಿದ ಜಾಗ. ಇನ್ನೊಂದರಲ್ಲಿ ತಾಯಿಯ ವಯಸ್ಸು, ಓದು, ಮಗುವಿನ ತೂಕ ಇಂಥದ್ದು, ಅದನ್ನು ಬೇರೆ ಮಾಡಿ ಅಂಕಿಅಂಶಕ್ಕೆ ಕಳಿಸುತ್ತಾರೆ. ಉಳಿದ ಮೊದಲ ಭಾಗವೇ ರಿಜಿಸ್ಟರ್. ಇದು ಗೊತ್ತಿರಬೇಕು, ಯಾಕೆಂದರೆ ಎಲ್ಲ ನಿಂತಿರುವುದು ಇದರ ಮೇಲೆ. ರಿಜಿಸ್ಟರಿನಲ್ಲಿ ಸರಿ ಇದ್ದು ಸರ್ಟಿಫಿಕೇಟಿನಲ್ಲಿ ಮಾತ್ರ ತಪ್ಪಿದ್ದರೆ ಅದು ಟೈಪ್ ಮಾಡಿದವರ ತಪ್ಪು, ಸುಲಭದಲ್ಲಿ ಮುಗಿಯುತ್ತದೆ. ರಿಜಿಸ್ಟರಿನಲ್ಲೇ ತಪ್ಪಿದ್ದರೆ ಬೇರೆ ದಾರಿ. ಅರ್ಜಿ ಕೊಡುವ ಮೊದಲು "ಒಮ್ಮೆ ರಿಜಿಸ್ಟರ್ ನೋಡುವ ಸರ್" ಅಂತ ಕೇಳಿ.

ಅವರು ಪುಟ ತಿರುಗಿಸುತ್ತಾ ಬಂದು ಒಂದು ಕಡೆ ನಿಂತರು. ನನಗೆ ಹೆಸರು ಕಾಣುವ ಮೊದಲು ಅಕ್ಷರ ಕಂಡಿತು. ಅದು ಅಪ್ಪನ ಕೈಬರಹ.

ಅಪ್ಪ ಹಂಚಿನ ಕಾರ್ಖಾನೆಯಲ್ಲಿ ರೈಟರ್ ಆಗಿದ್ದವರು. ಲೆಕ್ಕ ಬರೆಯುವ ಕೆಲಸ. ತನ್ನ ಅಕ್ಷರದ ಬಗ್ಗೆ ಅವರಿಗೆ ಸ್ವಲ್ಪ ಹೆಮ್ಮೆ ಜಾಸ್ತಿ, ಮದುವೆ ಕಾಗದದ ಮೇಲೆ ವಿಳಾಸ ಬರೆಯಲು ಊರಿನವರೆಲ್ಲ ಅವರ ಹತ್ತಿರ ಬರುತ್ತಿದ್ದರು. ಆ ದಿನ ಆಸ್ಪತ್ರೆಯಲ್ಲಿ ಕೊಟ್ಟ ಫಾರಂ ತುಂಬಿಸಿದ್ದು ಅಪ್ಪ ಅಂತ ನನಗೆ ಮರೆತೇಹೋಗಿತ್ತು. ಅವರು ಹೋಗಿ ಆರು ವರ್ಷ ಆಯಿತು. ನೀಲಿ ಶಾಯಿ, ಸ್ವಲ್ಪ ಮಾಸಿದೆ. ತಲೆಕಟ್ಟನ್ನು ಸುಮ್ನೆ ಎಳೆಯದೆ ಮೇಲಕ್ಕೆ ಸುತ್ತಿ ಬಿಡುವುದು ಅವರ ಕ್ರಮ, ಬಳ್ಳಿಯ ತುದಿಯ ಹಾಗೆ. 'ಪ್ರ' ಬರೆಯುವಾಗಲೂ ಹಾಗೇ ಸುತ್ತಿದ್ದಾರೆ. ಅದು ನೋಡುವವರಿಗೆ ಎತ್ವದ ಹಾಗೆ ಕಾಣುತ್ತದೆ. ಪ್ರೆಮೀಳ ಅಂತ ಯಾರಿಗೂ ಹೆಸರಿಲ್ಲ, ಆದ್ದರಿಂದ ಟೈಪ್ ಮಾಡಿದವರು ಮೀ ಹತ್ತಿರ ಇದ್ದ ದೀರ್ಘವನ್ನು ತಾವೇ ಎತ್ತಿ ಹಿಂದಿನ ಅಕ್ಷರಕ್ಕೆ ಕೊಟ್ಟಿರಬೇಕು. ಪ್ರೇಮಿಲ ಹುಟ್ಟಿದ್ದು ಹಾಗೆ. ಹದಿನಾಲ್ಕು ವರ್ಷ ನಾವು ಯಾರನ್ನು ಬೈಯುವುದು ಅಂತ ಹುಡುಕಿದ್ದರೆ ಮನೆಯ ಗೋಡೆಯಲ್ಲಿ ಹಾರ ಹಾಕಿದ ಫೋಟೋದಲ್ಲೇ ಇದ್ದರು!

"ಸರ್, ಇದು ಪ್ರಮೀಳ ಅಂತಲೇ ಇರುವುದು" ಅಂದೆ.

ಅವರು ಕನ್ನಡಕ ಮೇಲೆ ಮಾಡಿ ನೋಡಿದರು. "ಪ್ರೇಮಿಲ ಅಂತಲೇ ಕಾಣ್ತದಲ್ಲ ಮೇಡಂ."

ಕಂಪ್ಯೂಟರ್ ಹತ್ತಿರ ಇದ್ದ ಹುಡುಗಿಯನ್ನು ಕರೆದರು. ಅವಳು ಪ್ರೇಮಲ ಅಂದಳು, ಅದು ಮೂರನೆಯದ್ದು. ಪ್ಯೂನ್ ಓದಲು ಬಗ್ಗಿದ, "ಎಂಕ್ ಗೊತ್ತುಜ್ಜಿ", ನನಗೆ ಗೊತ್ತಿಲ್ಲ ಅಂತ ತಲೆ ಎತ್ತಿದ. ಮರಣ ಪ್ರಮಾಣಪತ್ರಕ್ಕೆ ಕಾಯುತ್ತಿದ್ದ ಒಬ್ಬರು ಅಜ್ಜ ಎದ್ದು ಬಂದು, ಪುಸ್ತಕವನ್ನು ಬೆಳಕಿಗೆ ತಿರುಗಿಸಿ, "ಪ್ರಮೀಳ. ಇದು ಹಳೆ ಕಾಲದ ರೈಟರ್‌ಗಳ ಅಕ್ಷರ, ಈಗಿನವರಿಗೆ ಓದಲು ಬರುವುದಿಲ್ಲ" ಅಂತ ಹೇಳಿ ವಾಪಸ್ಸು ಹೋಗಿ ಕೂತರು. ನನಗೆ ಅವರ ಕಾಲು ಹಿಡಿಯುವಷ್ಟು ಖುಷಿಯಾಯಿತು. ಆದರೆ ವೋಟು ಎಣಿಸಿ ತೀರ್ಮಾನ ಮಾಡುವ ವಿಷಯ ಅಲ್ಲವಲ್ಲ. ಅಧಿಕಾರಿ ಬಂದು ನೋಡಿ ಹೇಳಿದ್ದು ನ್ಯಾಯವೇ. "ನಾಲ್ಕು ಜನ ನಾಲ್ಕು ರೀತಿ ಓದುವುದಾದರೆ ಇದನ್ನು ಬರೇ ಟೈಪಿಂಗ್ ಮಿಸ್ಟೇಕ್ ಅಂತ ಬರೆಯಲಿಕ್ಕೆ ನನಗೆ ಆಗುವುದಿಲ್ಲ ಮೇಡಂ. ಸಾಕ್ಷಿ ತೆಗೆದುಕೊಂಡೇ ಮಾಡುವ."

ಸಾಕ್ಷಿ ಅಂದರೆ ಎರಡು. ಒಂದು ಕಾಗದದ ಸಾಕ್ಷಿ, ನನ್ನ ಹೆಸರು ಪ್ರಮೀಳ ಅಂತ ತೋರಿಸುವುದು. ನಾನು ಮಾರ್ಕ್ಸ್ ಕಾರ್ಡ್, ಪಾಸ್‌ಪೋರ್ಟ್, ಆಧಾರ್ ಕೊಟ್ಟೆ, ಮೂರರಲ್ಲೂ ಅಕ್ಷರ ಒಂದೇ. ಹಳೆ ರೇಷನ್ ಕಾರ್ಡಿನಲ್ಲಿ ಬೇರೆ ಇತ್ತು, ಅದನ್ನು ಚೀಲದಿಂದ ಹೊರಗೆ ತೆಗೆಯಲಿಲ್ಲ. ಕೇಳಿದ್ದನ್ನು ಕೊಡಬೇಕು, ಕೇಳದ್ದನ್ನು ಕೊಡಬಾರದು. ಅದರ ಜೊತೆಗೆ ಒಂದು ಅಫಿಡವಿಟ್. ಸೊಸೈಟಿಯಲ್ಲಿ ಇ-ಸ್ಟ್ಯಾಂಪ್ ಪೇಪರ್ ತೆಗೆದುಕೊಂಡು ನೋಟರಿಯವರ ಹತ್ತಿರ ಮಾಡಿಸಿದೆ. ಪ್ರೇಮಿಲ ಮತ್ತು ಪ್ರಮೀಳ ಇಬ್ಬರೂ ಒಬ್ಬಳೇ ಅಂತ ನಾನೇ ಪ್ರಮಾಣ ಮಾಡಿದ ಕಾಗದ. ನೋಟರಿಯವರ ಟೈಪಿಸ್ಟ್ ಅದರಲ್ಲಿ ಪ್ರಮಿಳ ಅಂತ ಹೊಡೆದಿದ್ದರು. ಈ ಸಲ ಓದಿ ನೋಡಿದೆ, ಸಹಿ ಹಾಕುವ ಮೊದಲು, ಬೆರಳಿಟ್ಟು. ಇನ್ನೊಂದು ಸಲ ಪ್ರಿಂಟ್ ತೆಗೆಸಿದೆ.

ಇನ್ನೊಂದು ಜನರ ಸಾಕ್ಷಿ. ವಿಷಯ ಗೊತ್ತಿರುವ, ನಂಬಬಹುದಾದ ಇಬ್ಬರು ಹೇಳಿಕೆ ಕೊಡಬೇಕು ಅಂತ ನಿಯಮ. ನಂಬಬಹುದಾದ ಇಬ್ಬರು ಅಂದಾಗ ನನಗೆ ಮೊದಲು ನೆನಪಾದದ್ದು ಅಮ್ಮ. ಹೆಸರಿಟ್ಟವರು ಅವರೇ, ಹೆರಿಗೆಗೆ ಜೊತೆಗಿದ್ದವರೂ ಅವರೇ. ಅಮ್ಮ ಒಳ್ಳೆಯ ಸೀರೆ ಉಟ್ಟು, ಮಲ್ಲಿಗೆ ಮುಡಿದು, ಪ್ಲಾಸ್ಟಿಕ್ ಚೀಲದಲ್ಲಿ ಇದ್ದಬದ್ದ ಕಾರ್ಡೆಲ್ಲ ತುಂಬಿಸಿಕೊಂಡು ಬಂದರು. ನಾನು ಆಧಾರ್ ಮಾತ್ರ ಕೊಡಿ ಅಂತ ಬಸ್ಸಿನಲ್ಲಿ ಹೇಳಿದ್ದೆ. ಕೇಳಬೇಕಲ್ಲ. ಟೇಬಲ್ ಮೇಲೆ ಎಲ್ಲ ಹರಡಿಬಿಟ್ಟರು. ಆಧಾರ್‌ನಲ್ಲಿ ವಾರಿಜ ಪೂಜಾರಿ. ಪಹಣಿಯಲ್ಲಿ ವಾರಿಜ ಪೂಜಾರ್ತಿ. ವೋಟರ್ ಕಾರ್ಡಿನಲ್ಲಿ ವಾರಿಜಾಕ್ಷಿ.

ಪೂಜಾರ್ತಿ, ಶೆಡ್ತಿ ಅಂತ ಹೆಂಗಸರಿಗೆ ಬೇರೆ ಬರೆಯುವುದು ನಮ್ಮಲ್ಲಿ ಹಳೆ ಕ್ರಮ. ಜಾಗದ ಕಾಗದದಲ್ಲಿ ಈಗಲೂ ಬೇಕಾದಷ್ಟು ಸಿಗುತ್ತದೆ. ಯಾವಾಗ ಅದು ಪೂಜಾರಿ, ಶೆಟ್ಟಿ ಆಯಿತು ಅಂತ ಯಾರೂ ದಿನ ಬರೆದಿಟ್ಟುಕೊಂಡಿಲ್ಲ. ಅಧಿಕಾರಿಗೆ ಅದೆಲ್ಲ ಗೊತ್ತು, ಅವರೂ ಇಲ್ಲಿಯವರೇ. ಆದರೂ ಮೂರು ಕಾರ್ಡನ್ನು ಸಾಲಾಗಿ ಇಟ್ಟು ನಕ್ಕರು. "ಅಮ್ಮ, ಮಗಳ ಹೆಸರಿಗೆ ನೀವು ಸಾಕ್ಷಿ, ನಿಮ್ಮ ಹೆಸರಿಗೆ ಸಾಕ್ಷಿ ಯಾರು?" ಅಮ್ಮನಿಗೆ ಅವಮಾನ ಆಯಿತು. ಬಸ್ಸಿನಲ್ಲಿ ಮುಲ್ಕಿಯವರೆಗೆ ಮಾತಾಡಲಿಲ್ಲ. ಆಮೇಲೆ ಒಂದೇ ಮಾತು, "ನಾನೇ ಹೆತ್ತದ್ದು, ನಾನೇ ಹೆಸರಿಟ್ಟದ್ದು, ನಾನು ಹೇಳಿದರೆ ಸಾಲದಾ?"

ಸಾಲದಂತೆ. ಕೊನೆಗೆ ನಮ್ಮ ಪಕ್ಕದ ಮನೆಯ ನಿವೃತ್ತ ಮಾಸ್ಟ್ರು ಒಬ್ಬರು, ನನಗೆ ಆರನೇ ಕ್ಲಾಸಿನಲ್ಲಿ ಪಾಠ ಮಾಡಿದವರು, ಮತ್ತೆ ಹಿಂದಿನ ಮನೆಯ ಅಕ್ಕ, ಇಬ್ಬರೂ ಬರುತ್ತೇನೆ ಅಂದರು. ಅಕ್ಕನದ್ದು ಮಲ್ಲಿಗೆ ಕೃಷಿ, ಮಲ್ಲಿಗೆಗೆ ಹೆಸರಾದ ಶಂಕರಪುರ ಹತ್ತಿರವೇ ಅಲ್ವಾ ನಮಗೆ. ಮೊಗ್ಗು ಕೊಯ್ದು, ಕಟ್ಟಿ, ಹೂವು ಕೊಳ್ಳುವ ಕಟ್ಟೆಗೆ ಕೊಟ್ಟ ಮೇಲೆಯೇ ಅವರು ಮನೆಯಿಂದ ಹೊರಡುವುದು. ಹಾಗಾಗಿ ನಾವು ಮಂಗಳೂರು ಮುಟ್ಟುವಾಗ ಊಟದ ಹೊತ್ತು ಹತ್ತಿರ ಬಂದಿತ್ತು. ಮಾಸ್ಟ್ರು ಹೇಳಿಕೆಯನ್ನು ಓದಿ, ಅದರಲ್ಲಿದ್ದ ಎರಡು ಕಾಗುಣಿತ ತಪ್ಪನ್ನು ತಮ್ಮದೇ ಪೆನ್ನಿನಿಂದ ತಿದ್ದಿ, ತಿದ್ದಿದ ಕಡೆ ಸಣ್ಣ ಸಹಿ ಹಾಕಿ, ಆಮೇಲೆ ದೊಡ್ಡ ಸಹಿ ಹಾಕಿದರು. ಅಧಿಕಾರಿ ಎದ್ದು ನಿಂತು ಕುರ್ಚಿ ಕೊಟ್ಟರು. ಮಾಸ್ಟ್ರುಗಳಿಗೆ ಈಗಲೂ ಅಷ್ಟು ಬೆಲೆ ಉಂಟು, ಕಂಡು ಸಮಾಧಾನ ಆಯಿತು.

ತಿದ್ದುವುದು ಅಂದರೆ ಹಳೆಯದನ್ನು ಅಳಿಸಿ ಹೊಸದು ಬರೆಯುತ್ತಾರೆ, ಇಲ್ಲ ಗೆರೆ ಎಳೆಯುತ್ತಾರೆ ಅಂದುಕೊಂಡಿದ್ದೆ. ಅದೂ ಅಲ್ಲ. ಮೂಲ ಬರಹವನ್ನು ಮುಟ್ಟುವ ಹಾಗಿಲ್ಲ. ಪಕ್ಕದ ಮಾರ್ಜಿನ್‌ನಲ್ಲಿ ಸರಿಯಾದದ್ದನ್ನು ಬರೆದು, ಸಹಿ ಹಾಕಿ, ತಾರೀಕು ಹಾಕುತ್ತಾರೆ, ಅಷ್ಟೇ. ಅದು ಕಾಯ್ದೆಯಲ್ಲೇ ಉಂಟು. ಆರನೇ ಸಲ ಹೋದಾಗ ಅದು ಆಗಿತ್ತು. ಅಪ್ಪ ಬರೆದದ್ದು ನಡುವಿನಲ್ಲಿ ಹಾಗೇ ಇದೆ, ಸುತ್ತಿದ ತಲೆಕಟ್ಟು ಸಮೇತ. ಪಕ್ಕದಲ್ಲಿ ಬೇರೆ ಕೈಯಲ್ಲಿ, ಕಪ್ಪು ಶಾಯಿಯಲ್ಲಿ, ತಾಯಿಯ ಹೆಸರು ಪ್ರಮೀಳ ಎಂದು ಓದಿಕೊಳ್ಳುವುದು ಅಂತ ಎರಡು ಸಾಲು.

ಒಟ್ಟು ಎರಡೂವರೆ ತಿಂಗಳು ಹಿಡಿಯಿತು. ಸರ್ಕಾರಿ ಶುಲ್ಕಕ್ಕಿಂತ ಜೆರಾಕ್ಸ್ ಮತ್ತು ಬಸ್ಸಿಗೇ ಜಾಸ್ತಿ ಖರ್ಚಾಯಿತು. ಬ್ರೋಕರಿಗೆ ಏನೂ ಕೊಡಲಿಲ್ಲ, ಅದೊಂದು ಹೆಮ್ಮೆ. ಮಕ್ಕಳು ಸಣ್ಣವರಿದ್ದರೆ ಇವತ್ತೇ ಕಪಾಟು ತೆಗೆದು ನೋಡಿ, ಅಪ್ಪ ಅಮ್ಮನ ಹೆಸರು ಸಮೇತ. 2023ರ ಅಕ್ಟೋಬರ್ 1ರಿಂದ ಕಾಯ್ದೆ ಬದಲಾಗಿ, ಆ ದಿನ ಅಥವಾ ಆಮೇಲೆ ಹುಟ್ಟಿದವರಿಗೆ ಶಾಲೆಗೆ ಸೇರಲು, ಡ್ರೈವಿಂಗ್ ಲೈಸೆನ್ಸಿಗೆ, ವೋಟರ್ ಪಟ್ಟಿಗೆ, ಮದುವೆ ನೋಂದಣಿಗೆ, ಸರ್ಕಾರಿ ಕೆಲಸಕ್ಕೆ ಹುಟ್ಟಿದ ದಿನ ಮತ್ತು ಜಾಗ ತೋರಿಸಲು ಇದೊಂದೇ ಕಾಗದ. ನಮ್ಮ ಕಾಲದ ಹಾಗೆ ಮಾರ್ಕ್ಸ್ ಕಾರ್ಡ್ ತೋರಿಸಿ ಪಾರಾಗುವುದು ಆ ಮಕ್ಕಳಿಗೆ ಇಲ್ಲ.

ಹೊಸ ಸರ್ಟಿಫಿಕೇಟ್ ಪ್ರಿಂಟ್ ಆಗುವವರೆಗೆ ನಾನು ಆ ಪುಟದ ಒಂದು ಫೋಟೋ ತೆಗೆದುಕೊಳ್ಳಲಾ ಅಂತ ಕೇಳಿದೆ. ಕೇಸ್ ವರ್ಕರ್ ತಲೆ ಅಲ್ಲಾಡಿಸಿದರು. ರಿಜಿಸ್ಟರಿನ ಫೋಟೋ ತೆಗೆಯುವ ಹಾಗಿಲ್ಲ ಮೇಡಂ. ನಾನು ಸರಿ ಅಂದೆ. ಸ್ವಲ್ಪ ಹೊತ್ತು ಬಿಟ್ಟು ಅವರು, "ನಿಮ್ಮ ತಂದೆಯವರ ಅಕ್ಷರ ಅಂದ್ರಲ್ಲ?" ಅಂತ ಕೇಳಿ, ಪುಸ್ತಕವನ್ನು ನನ್ನ ಕಡೆಗೆ ತಿರುಗಿಸಿ ಇಟ್ಟು, ಚಹಾ ಕುಡಿದು ಬರುತ್ತೇನೆ ಅಂತ ಎದ್ದು ಹೋದರು.

ಅವರು ಬರುವವರೆಗೆ ನಾನು ಅದನ್ನೇ ನೋಡುತ್ತಾ ಕೂತಿದ್ದೆ. ಖಾಯಂ ವಿಳಾಸದ ಜಾಗದಲ್ಲಿ ಕಟಪಾಡಿಯನ್ನು ಅಪ್ಪ ಎಷ್ಟು ಚೆಂದ ಬರೆದಿದ್ದಾರೆ ಅಂದರೆ, ಕೊನೆಯ ಡಿ ಗುಡಿಸು ಫಾರಂನ ಗೆರೆ ದಾಟಿ ಮೇಲಿನ ಕಾಲಂವರೆಗೆ ಹೋಗಿದೆ.